ಮುಧೋಳ ನಾಯಿಗೆ ಸ್ಟೇಜ್ ಆಟ ಕಲಿಸೂದು ಹೆಂಗ: ಮರಿ ಇದ್ದಾಗಿಂದ ಮೈಕ್ ಮುಂದ ನಿಲ್ಲೂತನಕ

ಮುಧೋಳ ನಾಯಿ ಓಡ್ತೈತಿ, ಬ್ಯಾಟಿ ಹಿಡಿತೈತಿ, ಆದ್ರ ಹೇಳಿದ ಮಾತು ಕೇಳೂದಿಲ್ಲ, ಆಟ-ಗೀಟ ಅದರ ಕೈಲೆ ಆಗೂದಿಲ್ಲ ಅಂತ ಮುಧೋಳ, ಲೋಕಾಪುರ, ಜಮಖಂಡಿ ಕಡೆ ಭಾಳ ಮಂದಿ ಹೇಳ್ತಾರ. ಈ ಮಾತು ಖರೆ ಅಲ್ಲ. 2016ರಾಗ ಮಿಲಿಟರಿಯವ್ರು ಇದೇ ತಳಿಯ ಮರಿಗೋಳನ್ನ ಮೀರತ್‌ದಾಗಿನ ಆರ್‌ವಿಸಿ (ಮಿಲಿಟರಿ ನಾಯಿ, ಕುದುರಿ ನೋಡ್ಕೊಳ್ಳೂ ದಳ) ಸೆಂಟರ್‌ಗೆ ಒಯ್ದು ಟ್ರೇನಿಂಗ್ ಕೊಟ್ಟಾರ, ಬಿಎಸ್‌ಎಫ್‌ನವ್ರೂ ತಗೊಂಡಾರ. ಅಂಥಾ ಕೆಲಸಾ ಕಲಿಯೂ ನಾಯಿಗೆ ನಮಸ್ಕಾರ ಮಾಡೂದು, ರಿಂಗ್ ದಾಟೂದು, ಕಾಲಾಗ ತೂರಿ ಬರೂದು ಏನ್ ದೊಡ್ಡ ಮಾತ್ರಿ. ತೊಂದ್ರಿ ಎಲ್ಲೆಂದ್ರ ನಾವು ಯೂಟ್ಯೂಬ್‌ನ್ಯಾಗ ಲ್ಯಾಬ್ರಡಾರ್‌ಗೆ ಕಲಿಸೂ ವಿಡಿಯೋ ನೋಡ್ತೀವಿ, ಅದನ್ನ ತಂದು ಮುಧೋಳದ ಮ್ಯಾಲ ಹಾಕ್ತೀವಿ, ಎರಡ ದಿನದಾಗ ಬರ್ಲಿಲ್ಲಂದ್ರ ನಾಯಿ ದಡ್ಡ ಅಂತೀವಿ. ಈ ನಾಯಿಗೆ ಬ್ಯಾರೆ ದಾರಿ ಬೇಕು. ಆ ದಾರಿನ ಇಲ್ಲಿ ಬರದೀನಿ. ಮರಿ ತಂದವ್ರಿಗೂ ಆಗ್ತೈತಿ, ದೊಡ್ಡ ನಾಯಿ ಇದ್ದವ್ರಿಗೂ ಆಗ್ತೈತಿ.

ಮೊದಲ ನಾಯಿ ಎಂಥಾದ್ದು ಅಂತ ತಿಳ್ಕೊರಿ

ಇದು ಕಣ್ಣಿನ ನಾಯಿ. ನೆಲಾ ಮೂಸ್ಕೊಂತ ಹೋಗಿ ಹುಡುಕೂಕಿಂತ ದೂರದಾಗ ಏನರೆ ಅಲುಗಾಡಿದ್ದನ್ನ ನೋಡಿ ಬೆನ್ನು ಹತ್ತಾಕ ಅಂತನ ಎಷ್ಟೋ ತಲೆಮಾರಿನಿಂದ ಬೆಳಸಿದ ತಳಿ. ಹೊಲದಾಗ ಮಾಲೀಕ ಒಂದ ಕಡೆ, ಮೊಲ ಒಂದ ಕಡೆ, ನಡುವ ಯಾವ ಕಡೆ ತಿರುಗಬೇಕು ಅಂತ ನಾಯಿನ ಠರಾಸ್ಬೇಕಾಗಿತ್ತು, ಅದಕ್ಕ ಪ್ರತಿ ಹೆಜ್ಜಿಗೂ ಮಾಲೀಕನ ಮಾರಿ ನೋಡೂ ಸ್ವಭಾವ ಇದಕ್ಕ ಇಲ್ಲ. ಹಿಂಗಾಗಿ ಎರಡ ಸಂಗತಿ ನೆನಪಿಟ್ಕೊರಿ. ಒಂದು, ಬಾಯಿ ಮಾತಿಗಿಂತ ಕೈ ಸನ್ನಿ ಲಗೂನ ಹಿಡಿತೈತಿ, ಅದಕ್ಕ ಎಲ್ಲಾ ಆಟಾನೂ ಮೊದಲ ಕೈ ಸನ್ನಿಲೆ ಕಲಸ್ರಿ, ಮಾತು ಆಮ್ಯಾಲ. ಎರಡನೇದು, ಒಂದ ಆಟ ಸಾಲಾಗಿ ಇಪ್ಪತ್ತ ಸಲ ಮಾಡಸಿದ್ರ ಬ್ಯಾಸರಾಗಿ ಎದ್ದು ಹೋಗ್ತೈತಿ. ನಾಕೈದ ಸಲ ಚಲೋ ಮಾಡ್ತು ಅಂದ್ರ ನಿಲ್ಲಸ್ರಿ. ಒಂದ ಸಲಕ್ಕ ಮೂರ್ನಾಕ್ ನಿಮಿಷ ಸಾಕು, ದಿನಕ್ಕ ಎರಡ ಮೂರ ಸಲ ಮಾಡ್ರಿ. ತಾಸುಗಟ್ಲೆ ನಿಂತು ಕಲಸಿದ್ರ ಲಗೂನ ಕಲಿತೈತಿ ಅನ್ನೂದು ಈ ತಳಿಗೆ ಒಟ್ಟ ಹೊಂದೂದಿಲ್ಲ.

ಇನ್ನ ಹೊಡಿಯೂ ವಿಚಾರ. ಕೋಲು, ಬೆಲ್ಟು, ಕಿವಿ ಹಿಂಡೂದು, ಒದರ್ಯಾಡೂದು, ಇವು ಯಾವೂ ಬ್ಯಾಡ್ರಿ. ಈ ನಾಯಿ ತೊಗಲು ತೆಳು, ಮೈಯಾಗ ಕೊಬ್ಬು ಕಡಿಮಿ, ಮನಸ್ಸೂ ಹಂಗ ಮೆತ್ತಗ. ಒಂದ ಸಲ ಅಂಜಿದ್ರ ಆ ಜಾಗಾ, ಆ ಸಾಮಾನು, ಆ ಮನಷಾನ್ನ ತಿಂಗಳಗಟ್ಲೆ ನೆನಪಿಟ್ಕೋತೈತಿ. ಹೊಡದು ಕಲಸಿದ ನಾಯಿ ಸ್ಟೇಜ್ ಮ್ಯಾಲ ಬಂದ್ರ ಎಲ್ಲಾರಿಗೂ ಗೊತ್ತಾಗ್ತೈತಿ, ಬಾಲ ಹೊಟ್ಟಿ ಕೆಳಗ, ಕಿವಿ ಹಿಂದಕ್ಕ, ಬೆನ್ನು ಗೂನು, ಅದನ್ನ ನೋಡಿ ಚಪ್ಪಾಳಿ ಹೊಡಿಯಾಕ ಮನಸ್ಸರೆ ಹೆಂಗ ಬರ್ತೈತಿ. ಅದೂ ಅಲ್ಲದ ಪ್ರಾಣಿಗಳ ಮ್ಯಾಲಿನ ಹಿಂಸೆ ತಡೆ ಕಾಯ್ದೆ 1960ರ 11ನೇ ಕಲಂ ಪ್ರಕಾರ ನಾಯಿ ಹೊಡಿಯೂದು, ಒದಿಯೂದು ಅಪರಾಧ.

ವಯಸ್ಸು, ಆರೋಗ್ಯ, ಊಟ

ಎರಡ ತಿಂಗಳ ಮರಿ ಮನಿಗೆ ಬಂದ ದಿನದಿಂದನ ಕಲಿಕಿ ಸುರು ಮಾಡಬಹುದು. ಹೆಸರು ಕರದ್ರ ನೋಡೂದು, ಕೈಗೆ ಮೂಗು ಹಚ್ಚೂದು, ಕಂಬಳಿ ಮ್ಯಾಲ ಕುಂಡ್ರೂದು, ಇಂಥಾವು. ಆದ್ರ ಜಿಗಿಯೂ ಆಟ ಮಾತ್ರ ವರ್ಷ-ಒಂದೂವರಿ ವರ್ಷ ಆಗೂತನಕ ಮುಟ್ಟಬ್ಯಾಡ್ರಿ. ಇಷ್ಟುದ್ದ ಕಾಲಿನ ನಾಯಿಗೆ ಎಲುಬಿನ ತುದಿ ಬೆಳದು ಗಟ್ಟಿ ಆಗಾಕ ಟೈಮ್ ಬೇಕು, ಅದರಕಿಂತ ಮೊದಲ ಎತ್ತರದಿಂದ ಜಿಗಸಿದ್ರ ಮುಂದ ಜಲ್ಮಪೂರ್ತಿ ಕುಂಟೂ ಹಂಗ ಆಗಬಹುದು. ಆರ ತಿಂಗಳಿಗೆ ನೋಡಾಕ ದೊಡ್ಡ ನಾಯಿ ಕಂಡಂಗ ಕಾಣ್ತೈತಿ, ಅದಕ್ಕ ಮಂದಿ ಇಲ್ಲೇ ಅವಸರ ಮಾಡ್ತಾರ.

ಲಸಿಕಿ ಎಲ್ಲಾ ಆಗಿರ್ಬೇಕು, ರೇಬೀಸ್ ಅಂತೂ ಬೇಕ ಬೇಕು, ಯಾಕಂದ್ರ ಶೋ ಅಂದ್ರ ಸಣ್ಣ ಹುಡುಗ್ರು ಬಂದು ಮುಟ್ಟ್ತಾರ. ಕಾರ್ಡ್ ಯಾವತ್ತೂ ಚೀಲದಾಗ ಇರ್ಲಿ. ಮರಿ ಇನ್ನೂ ತಂದಿಲ್ಲ ಅಂದ್ರ ಮುಧೋಳ ಹತ್ರ ತಿಮ್ಮಾಪುರದಾಗ ಬೀದರ್ ಪಶು ವಿಶ್ವವಿದ್ಯಾಲಯದ ಶ್ವಾನ ಸಂಶೋಧನಾ ಮತ್ತು ಮಾಹಿತಿ ಕೇಂದ್ರ ಐತಿ, ಅಲ್ಲಿ ಹೋಗಿ ಕೇಳ್ರಿ, ಶುದ್ಧ ತಳಿ ಹೆಂಗಿರ್ತೈತಿ ಅಂತ ಕಣ್ಣಾರೆ ನೋಡಿದಂಗೂ ಆಗ್ತೈತಿ. ಆಟ ಕಲಿಸಾಕ ಅಂತ ಮರಿ ಆರಿಸೂದಾದ್ರ ಎಲ್ಲಾದ್ರಕಿಂತ ದೊಡ್ಡದು, ಎಲ್ಲಾದ್ರಕಿಂತ ಜೋರಾಗಿ ಓಡೂದು ಬ್ಯಾಡ. ನೀವು ಕೆಳಗ ಕುಂತಾಗ ತಾನಾಗಿ ನಿಮ್ಮ ಹತ್ರ ಬರೂದು, ಒಂದ ಬಟ್ಲ ಬಿದ್ದು ಸಪ್ಪಳ ಆದ್ರ ಬೆಚ್ಚಿ ಹಿಂದ ಸರದು ಮತ್ತ ಬಂದು ಮೂಸಿ ನೋಡೂದು, ಅಂಥಾ ಮರಿ ಸ್ಟೇಜಿಗೆ ಚಲೋ. ಇದರ ಜೋಡಿ ಇನ್ನೊಂದ ಮಾತು: ಯಾವಾಗರೆ ಆಪರೇಷನ್‌ಗೆ ಒಯ್ದ್ರ ಡಾಕ್ಟರಿಗೆ ಇದು ಬ್ಯಾಟಿ ತಳಿ, ಮೈಯಾಗ ಕೊಬ್ಬಿಲ್ಲ ಅಂತ ನೆನಪು ಮಾಡ್ರಿ, ಕೆಲವು ಅರವಳಿಕಿ ಔಷಧ ಇಂಥಾ ನಾಯಿಗೋಳ ಮೈಯಿಂದ ಲಗೂನ ಇಳಿಯೂದಿಲ್ಲ.

ಊಟ ನಮ್ಮ ಕಡೆ ಕೊಡೂ ಹಂಗ ಜ್ವಾಳದ ನುಚ್ಚು, ಗೋವಿನಜ್ವಾಳ, ಹಾಲು, ತತ್ತಿ ನಡಿತೈತಿ, ಮಾಂಸ ಸೇರಿಸಿದ್ರ ಇನ್ನೂ ಚಲೋ. ಎದಿ ಆಳ ಇರೂ ನಾಯಿ ಇದು, ಹೊಟ್ಟಿ ತುಂಬಾ ತಿಂದು ಕುಣದ್ರ ಹೊಟ್ಟಿ ಉಬ್ಬಿ ತಿರುಚಿಕೊಂಡು ಜೀವಕ್ಕ ಅಪಾಯ ಆಗೂ ಸಾಧ್ಯತೆ ಐತಿ, ಅದಕ್ಕ ಊಟಕ್ಕೂ ಆಟಕ್ಕೂ ನಡುವ ಒಂದೆರಡ ತಾಸು ಬಿಡ್ರಿ. ಹಂಗಂತ ಉಪವಾಸ ಕೆಡವಿ ಕಲಿಸೂದು ಬ್ಯಾಡ. ಸಂಜಿ ಊಟಕ್ಕ ಮೊದಲ ಸ್ವಲ್ಪ ಹಸಿವಿದ್ದಾಗ ಕಲಸ್ರಿ, ಅಷ್ಟ ಸಾಕು.

ಬೇಕಾಗೂ ಸಾಮಾನು

ಭಾಳ ಏನಿಲ್ಲ. ಮುಧೋಳದ ತಲಿ ಸಣ್ಣದು, ಕುತ್ತಿಗಿ ದಪ್ಪ, ಸಾದಾ ಕಾಲರ್ ಹಾಕಿದ್ರ ಹಿಂದ ಜಗ್ಗಿ ತಲಿ ಬಿಡಿಸ್ಕೊಂಡು ಓಡ್ತೈತಿ, ಅದಕ್ಕ ಅಗಲ ಇರೂ ಮಾರ್ಟಿಂಗೇಲ್ ಕಾಲರ್ ತಗೊಳ್ರಿ, ಇದು ಜಗ್ಗಿದಾಗ ಸ್ವಲ್ಪ ಬಿಗಿ ಆಗ್ತೈತಿ, ಉಸರು ಕಟ್ಟೂದಿಲ್ಲ. ಹತ್ತ ಮೀಟರ್ ಉದ್ದಂದು ಒಂದ ಹಗರ ಹಗ್ಗ, ಅದನ್ನ ಓಡೂ ನಾಯಿಗೆ ಹಾಕೂದಾದ್ರ ಕಾಲರ್‌ಗೆ ಬ್ಯಾಡ, ಎದಿಪಟ್ಟಿಗೆ ಕಟ್ರಿ, ಜೋರಾಗಿ ಓಡಿ ಹಗ್ಗ ಮುಗದ್ರ ಕುತ್ತಿಗಿಗೆ ಜಗ್ಗ್ ಬೀಳ್ತೈತಿ. ಒಂದ ಹಳೇ ಕಂಬಳಿ. ಪ್ಲಾಸ್ಟಿಕ್ ಪೈಪ್ ಬಗ್ಗಿಸಿ ಜೋಡಿಸಿದ ಒಂದ ರಿಂಗ್, ನಾಯಿ ಕಿವಿ ನೆಟ್ಟಗ ಇದ್ರೂ ತಾಗಲಾರದಷ್ಟ ಅಗಲ ಇರ್ಬೇಕು.

ತಿನಸು ಮಾತ್ರ ವಿಚಾರ ಮಾಡಿ ಆರಿಸ್ರಿ. ಬೇಯಿಸಿದ ಕೋಳಿ, ಬೇಯಿಸಿದ ಲಿವರ್, ತತ್ತಿ ಬಿಳಿದು, ಪನೀರ್. ಒಂದೊಂದು ತುಣುಕು ಶೇಂಗಾ ಬೀಜದಷ್ಟ ಇರ್ಲಿ, ದೊಡ್ಡದು ಕೊಟ್ರ ಅಗಿಯೂದ್ರಾಗ ಪಾಠ ಮರಿತೈತಿ. ಚಾಕಲೇಟ್, ದ್ರಾಕ್ಷಿ, ಒಣದ್ರಾಕ್ಷಿ, ಉಳ್ಳಾಗಡ್ಡಿ, ಬಳ್ಳೊಳ್ಳಿ ನಾಯಿಗೆ ವಿಷ, ಮತ್ತ ನಮ್ಮ ವಿಜಯಪುರ, ಬಾಗಲಕೋಟ ಕಡೆ ಮನಿಮನಿಯಾಗ ದ್ರಾಕ್ಷಿ, ಒಣದ್ರಾಕ್ಷಿ ಇರ್ತಾವ, ಹುಡುಗ್ರು ಪ್ರೀತಿಲೆ ಎರಡ ಹಾಕೇ ಬಿಡ್ತಾರ. ಮೂತ್ರಪಿಂಡಕ್ಕ ಹೊಡ್ತ ಬೀಳ್ತೈತಿ, ಎಷ್ಟ ತಿಂದ್ರ ಅಪಾಯ ಅನ್ನೂದು ಒಂದೊಂದು ನಾಯಿಗೆ ಒಂದೊಂದು ನಮೂನಿ, ಹಂಗಾಗಿ ಒಂದ ಕಾಳೂ ಬ್ಯಾಡ ಅಂತ ಮನ್ಯಾಗ ಎಲ್ಲಾರಿಗೂ ಹೇಳಿಟ್ಟಿರ್ರಿ.

ಮೊದಲನೇ ಪಾಠ: ಭಲೇ

ನಾಯಿ ಸರಿ ಮಾಡಿದ ಆ ಕ್ಷಣಕ್ಕ ಇದು ಸರಿ ಅಂತ ತಿಳಿಸಾಕ ಒಂದ ಸಪ್ಪಳ ಬೇಕು. ಕ್ಲಿಕ್ಕರ್ ಅಂತ ಸಿಗ್ತೈತಿ, ಇಲ್ಲಾಂದ್ರ ಟಕ್ ಅನ್ನೂ ಬಾಲ್ ಪೆನ್ನೂ ನಡಿತೈತಿ. ನನಗ ಕೇಳಿದ್ರ ಒಂದ ಶಬ್ದಾನ ಚಲೋ, ಕೈ ಖುಲ್ಲಾ ಇರ್ತಾವ. ದಿನಾ ಮಾತಾಡೂವಾಗ ಬರೂ ಹಾಂ, ಹೂಂ ಬ್ಯಾಡ, ನಾಯಿಗೆ ಗೊಂದಲ ಆಗ್ತೈತಿ. ಭಲೇ ಅನ್ರಿ. ಗಟ್ಟಿಯಾಗಿ ಅಲ್ಲ, ಚುಟುಕಾಗಿ, ಪ್ರತಿ ಸಲ ಒಂದ ಧ್ವನಿಯಾಗ.

ನಾಯಿ ಸುಮ್ನ ನಿಂತಿರ್ತೈತಿ, ನೀವು ಭಲೇ ಅನ್ರಿ, ಅಂದ ಮ್ಯಾಲ ಒಂದ ತುಣುಕು ಕೊಡ್ರಿ. ಮತ್ತ ಭಲೇ, ಮತ್ತ ತುಣುಕು. ಹತ್ತ ಸಲ ಮಾಡಿ ಬಿಡ್ರಿ. ಎರಡ ಮೂರ ದಿನ ಹಿಂಗ ಮಾಡಿದ್ರ, ಭಲೇ ಅಂದ ಕೂಡ್ಲೆ ಕಿವಿ ಎತ್ತಿ ನಿಮ್ಮ ಕಡೆ ತಿರುಗ್ತೈತಿ, ಅವಾಗ ಶಬ್ದ ಕೂತೈತಿ ಅಂತ ಅರ್ಥ. ಇಲ್ಲಿ ಒಂದ ತಪ್ಪಾಗದಂಗ ನೋಡ್ಕೊರಿ, ಕೈ ಕಿಸೇದಾಗ ಹೋಗೂದು ಭಲೇ ಅಂದ ಮ್ಯಾಲ ಇರ್ಬೇಕು, ಮೊದಲ ಅಲ್ಲ. ಕಣ್ಣಿನ ನಾಯಿ ಇದು, ಕೈ ಕಿಸೇಕ್ಕ ಹೋತು ಅಂದ್ರ ಅದು ಕೈನ ನೋಡ್ತೈತಿ, ನಿಮ್ಮ ಮಾತು ಕೇಳೂದೇ ಇಲ್ಲ. ಮತ್ತ ಒಮ್ಮೆ ಭಲೇ ಅಂದ್ರಿ ಅಂದ್ರ, ಬಾಯಿ ತಪ್ಪಿ ಅಂದಿದ್ರೂ, ತಿನಸು ಕೊಡಾಕ ಬೇಕು. ಆ ಶಬ್ದದ ಮ್ಯಾಲ ನಾಯಿ ಇಟ್ಟ ನಂಬಿಕಿ ಒಡಿಬಾರ್ದು.

ಎರಡನೇದು: ಕೈಗೆ ಮೂಗು

ಇದು ಎಲ್ಲಾ ಆಟಕ್ಕೂ ಬುನಾದಿ. ಅಂಗೈ ಬಿಚ್ಚಿ ನಾಯಿ ಮೂಗಿನಿಂದ ನಾಕ ಬಟ್ಟು ದೂರ ಹಿಡೀರಿ. ಏನ್ ಐತಿ ಅಂತ ನೋಡಾಕ ಮೂಗು ಹಚ್ತೈತಿ, ಹಚ್ಚಿದ ಕ್ಷಣಕ್ಕ ಭಲೇ, ತಿನಸು ಇನ್ನೊಂದ ಕೈಯಿಂದ. ಆಮ್ಯಾಲ ಸ್ವಲ್ಪ ದೂರ, ಸ್ವಲ್ಪ ಮ್ಯಾಲ, ಎಡಕ್ಕ, ಬಲಕ್ಕ, ಮುಂದ ಎರಡ ಹೆಜ್ಜಿ ನಡದು ಬಂದು ಹಚ್ಚೂ ಹಂಗ. ಅಂಗೈ ಎಲ್ಲಿ ಹೋಗ್ತೈತೋ ಮೂಗು ಅಲ್ಲಿ ಬರ್ತೈತಿ ಅಂತ ಆತು ಅಂದ್ರ ನಾಯಿನ ಎಲ್ಲಿ ಬೇಕಾದ್ರೂ ನಿಲ್ಲಸ್ಬಹುದು, ಹಗ್ಗ ಜಗ್ಗೂದು ಬೇಕಾಗೂದೇ ಇಲ್ಲ.

ಇದರಿಂದ ಮೊದಲ ಬರೂ ಆಟ ಅಂದ್ರ ಸುತ್ತು. ಅಂಗೈನ ನಾಯಿ ಮೂಗಿನ ಮುಂದಿಂದ ಅದರ ಬಾಲದ ಕಡೆ ಸಾವಕಾಶ ತಿರುಗಸ್ರಿ, ಪೂರ್ತಿ ಸುತ್ತು ಬರ್ಲಿಲ್ಲಂದ್ರೂ ಚಿಂತಿಲ್ಲ, ಕಾಲು ಸುತ್ತಿಗೆ ಭಲೇ, ಆಮ್ಯಾಲ ಅರ್ಧಾ, ಆಮ್ಯಾಲ ಪೂರ್ತಿ. ಕೈ ಚಲನಿ ದಿನಾ ಸ್ವಲ್ಪ ಸಣ್ಣದು ಮಾಡ್ಕೊಂತ ಬರ್ರಿ, ಕಡೀಕ ಬಟ್ಟು ತಿರುಗಿಸಿದ್ರ ಸಾಕು. ಮಾತು ಈಗ ಹಚ್ರಿ, ಮಾತು ಮೊದಲ, ಬಟ್ಟು ಆಮ್ಯಾಲ, ಹಂಗ ಮಾಡಿದ್ರ ಮಾತಿಗೂ ಮಾಡ್ತೈತಿ. ಎಡಕ್ಕೊಂದು ಶಬ್ದ, ಬಲಕ್ಕೊಂದು ಶಬ್ದ ಇಡ್ರಿ, ಬರೇ ಒಂದ ಕಡೆ ತಿರುಗಿಸಿದ್ರ ಬೆನ್ನಿಗೆ ಒಂದ ಕಡೆ ಭಾರ ಬೀಳ್ತೈತಿ.

ಕಾಲಾಗ ತೂರಿ ಬರೂದೂ ಇದರಿಂದನ. ನೀವು ಕಾಲು ಅಗಲ ಮಾಡಿ ನಿಂತು, ಹಿಂದಿನ ಕಡೆಯಿಂದ ಅಂಗೈ ತೋರಸ್ರಿ, ನಾಯಿ ಕಾಲ ನಡುವಿಂದ ಬಂದು ಮೂಗು ಹಚ್ತೈತಿ. ಮುಧೋಳ ಎತ್ತರ ಭಾಳ, ಕುಳ್ಳಗ ಇದ್ದವ್ರಿಗೆ ಕಷ್ಟ, ಅಂಥವ್ರು ಎರಡ ಕಂಬ ಹುಗದು ಅದರ ಸುತ್ತ ಎಂಟರ ಆಕಾರದಾಗ ತಿರುಗಿಸಿದ್ರೂ ನೋಡಾಕ ಚಂದನ ಕಾಣ್ತೈತಿ.

ನಮಸ್ಕಾರ

ನನಗ ಎಲ್ಲಾದ್ರಕಿಂತ ಸೇರೂ ಆಟ ಇದು, ಮತ್ತ ಈ ತಳಿಗೆ ಹೇಳಿ ಮಾಡಿಸಿದಂಥಾದ್ದು. ಕಲಿಸೂದು ಕಡಿಮಿ, ಕಾಯೂದು ಜಾಸ್ತಿ. ಮುಧೋಳ ಮಲಗಿ ಎದ್ದ ಕೂಡ್ಲೆ ಏನ್ ಮಾಡ್ತೈತಿ ನೋಡ್ರಿ, ಮುಂಗಾಲು ಎರಡೂ ಉದ್ದಕ ಚಾಚತೈತಿ, ಎದಿ ನೆಲದ ಹತ್ರ ಇಳಿಸ್ತೈತಿ, ಸೊಂಟ ಮ್ಯಾಲಕ್ಕ ಏಳ್ತೈತಿ, ಬೆನ್ನು ಬಿಲ್ಲಾಗಿ ಬಗ್ತೈತಿ, ಬಾಯಿ ತೆಗದು ಆಕಳಸ್ತೈತಿ, ಬಟ್ಟುಗೋಳ ನಡುವಿನ ಸಂದು ಬಿಚ್ಚಿ ಕಾಣ್ತಾವ. ಇದಾ ನಮಸ್ಕಾರ. ನೀವು ಅದನ್ನ ಹಿಡಿಬೇಕು ಅಷ್ಟ.

ಮುಂಜಾನೆ ನಾಯಿ ಏಳೂ ಟೈಮಿಗೆ ಕಿಸೇದಾಗ ನಾಕ ತುಣುಕು ಹಾಕ್ಕೊಂಡು ಹತ್ರ ಕೂಡ್ರಿ. ಏನೂ ಹೇಳಬ್ಯಾಡ್ರಿ. ಮೈ ಮುರದು ಮೊಣಕೈ ನೆಲಕ್ಕ ತಾಗೂ ಹೊತ್ತಿಗೆ ಭಲೇ ಅನ್ರಿ, ಎದ್ದ ಮ್ಯಾಲ ಅಲ್ಲ, ಕೆಳಗ ಇದ್ದಾಗ. ತಿನಸು ಎರಡ ಮುಂಗಾಲ ನಡುವ ನೆಲದ ಮ್ಯಾಲ ಇಡ್ರಿ, ಆವಾಗ ಕೆಳಗ ಇನ್ನೊಂದ ಕ್ಷಣ ಉಳಿತೈತಿ. ಮಧ್ಯಾಹ್ನ ಮಲಗಿ ಎದ್ದಾಗೂ ಹಂಗ ಮಾಡ್ರಿ. ಕೆಲವು ದಿನ ಹಿಂಗ ನಡದ್ರ ಒಂದ ದಿನ ಅದು ನಿಮ್ಮ ಮುಂದ ಬಂದು, ಮಲಗಿ ಎದ್ದಿಲ್ಲಂದ್ರೂ, ನಿಮ್ಮ ಕಿಸೇದ ಮ್ಯಾಲ ಒಂದ ಕಣ್ಣಿಟ್ಟು ತಾನಾಗಿ ಮೈ ಮುರಿತೈತಿ. ಅವಾಗ ತಡ ಮಾಡಬ್ಯಾಡ್ರಿ, ನಾಕೈದ ತುಣುಕು ಒಮ್ಮೆಲೆ ಕೊಡ್ರಿ, ಇದು ತನ್ನ ಮೈ ತಾನ ಬಗ್ಗಿಸಿ ತಿನಸು ಗಳಸಬಹುದು ಅಂತ ಅದಕ್ಕ ತಿಳದ ದಿನ ಅದು.

ಇನ್ನ ಸನ್ನಿ ಹಚ್ಚೂದು. ಅದು ಬಗ್ತೈತಿ ಅನ್ನೂ ಅಂದಾಜು ಸಿಕ್ಕ ಕೂಡ್ಲೆ ನಿಮ್ಮ ಎರಡೂ ಕೈ ಜೋಡಸ್ರಿ. ಬ್ಯಾರೆ ಸನ್ನಿ ಬ್ಯಾಡ. ಸ್ಟೇಜ್ ಮ್ಯಾಲ ನೀವು ಮಂದಿಗೆ ಕೈ ಮುಗಿತೀರಿ, ಬಾಜೂಕ ನಿಂತ ನಾಯೂ ಎದಿ ನೆಲಕ್ಕ ಹಚ್ಚಿ ಬಗ್ತೈತಿ, ನೀವು ಅದಕ್ಕ ಹೇಳಿದ್ದು ಯಾರಿಗೂ ಕಾಣೂದಿಲ್ಲ. ಇದರ ಮುಂದ ಬೆಂಕಿ ರಿಂಗ್ ಹಾರಸೂದು ಗಿರಸೂದು ಏನೂ ಅಲ್ಲ. ಬೆಂಕಿ ಅಂತೂ ಬ್ಯಾಡೇ ಬ್ಯಾಡ್ರಿ.

ಕುಂಡ್ರೂ ಅಂತ ಹಟ ಹಿಡಿಬ್ಯಾಡ್ರಿ

ಎಲ್ಲಾ ವಿಡಿಯೋದಾಗೂ ಮೊದಲನೇ ಪಾಠ ಸಿಟ್ ಅಂತ ಇರ್ತೈತಿ. ಮುಧೋಳಕ್ಕ ತೊಡಿ ಉದ್ದ, ಕುಂಡಿ ಮ್ಯಾಲ ಮಾಂಸ ಇಲ್ಲ, ಗಟ್ಟಿ ನೆಲದ ಮ್ಯಾಲ ಕುಂಡ್ರೂದು ಅದಕ್ಕ ಆರಾಮ ಇರೂದಿಲ್ಲ. ಕೆಲವು ಕುಂಡ್ರತಾವ, ಕೆಲವು ಕುಂತಂಗ ಮಾಡಿ ಎದ್ದು ಬಿಡ್ತಾವ. ಸೊಂಟ ಒತ್ತಿ ಕುಂಡ್ರಸೂದು ಬ್ಯಾಡ. ಅದರ ಬದ್ಲಿ ನೆಟ್ಟಗ ನಿಲ್ಲೂದು ಕಲಸ್ರಿ, ನಾಕೂ ಕಾಲು ಸರಿ ಊರಿ, ಕುತ್ತಿಗಿ ಎತ್ತಿ, ದೂರ ನೋಡ್ಕೊಂತ ನಿಂತ ಮುಧೋಳ ಎಷ್ಟ ಚಂದ ಕಾಣ್ತೈತಿ ಅಂತ ನಮಗೆಲ್ಲಾ ಗೊತ್ತೈತಿ. ತಳಿ ಶೋದಾಗೂ ಜಡ್ಜ್‌ಗೆ ಬೇಕಾದ್ದು ಇದಾ, ನಿಲ್ಲೂದು, ಹಲ್ಲು ತೋರಸೂದು, ಹದವಾಗಿ ಓಡೂದು. ಅದಕ್ಕ ಹಲ್ಲು ಮುಟ್ಟಿಸಿಕೊಳ್ಳೂ ಅಭ್ಯಾಸಾನೂ ಮರಿ ಇದ್ದಾಗಿಂದ ಮಾಡಸ್ರಿ, ತುಟಿ ಎತ್ತು, ಭಲೇ, ತಿನಸು.

ಜಾಗಾ

ಕಂಬಳಿ ಹಾಸ್ರಿ. ಅದರ ಮ್ಯಾಲ ಕಾಲಿಟ್ರ ಭಲೇ, ತಿನಸು ಕಂಬಳಿ ಮ್ಯಾಲನ ಹಾಕ್ರಿ. ನಾಕೂ ಕಾಲು, ಆಮ್ಯಾಲ ಮಲಗೂದು, ಆಮ್ಯಾಲ ನೀವು ಒಂದ ಹೆಜ್ಜಿ ಹಿಂದ ಹೋದ್ರೂ ಅಲ್ಲೇ ಇರೂದು. ಮೆತ್ತಗ ಇರೂದ್ರಿಂದ ಮುಧೋಳ ಇಷ್ಟಪಟ್ಟು ಮಲಗ್ತೈತಿ. ಈ ಕಂಬಳಿನ ಮುಂದ ಶೋಗೆ ಒಯ್ಯಬೇಕು, ಹೊಸಾ ಊರು, ಹೊಸಾ ವಾಸನಿ, ಹೊಸಾ ಮಂದಿ ನಡುವ ತನ್ನ ಜಾಗಾ ಅಂತ ಒಂದ ಇರ್ತೈತಿ. ಸ್ಟೇಜ್ ಮ್ಯಾಲ ಹಾಸಿದ ಪ್ಲೈವುಡ್, ಟೈಲ್ಸ್ ಮ್ಯಾಲ ಕಾಲು ಜಾರ್ತಾವ, ಅಲ್ಲೂ ಕಂಬಳಿ ಕೆಲಸಕ್ಕ ಬರ್ತೈತಿ. ಉಗುರು ಬೆಳದಿದ್ರ ಶೋಕ್ಕಿಂತ ಕೆಲವು ದಿನ ಮೊದಲ ಕತ್ತರಸ್ರಿ.

ರಿಂಗ್ ದಾಟೂದು

ವಯಸ್ಸಾದ ಮ್ಯಾಲ ಅಂತ ಹೇಳೀನಿ. ರಿಂಗ್ ನೆಲಕ್ಕ ಹಚ್ಚಿ ಹಿಡೀರಿ, ಇನ್ನೊಂದ ಕಡೆ ಅಂಗೈ ತೋರಸ್ರಿ, ನಡದು ದಾಟ್ತೈತಿ, ಭಲೇ. ನಡಿಯೂದು ಗಟ್ಟಿ ಆಗೂತನಕ ಎತ್ತರ ಮಾಡಬ್ಯಾಡ್ರಿ. ಆಮ್ಯಾಲ ಒಂದ ಗೇಣು, ಮುಂದ ನಾಯಿ ಮೊಣಕಾಲ ಮಟ್ಟ. ಅದರ ಎದಿ ಮಟ್ಟಕ್ಕಿಂತ ಮ್ಯಾಲ ಎತ್ತೂ ಅವಶ್ಯಕತೆ ಇಲ್ಲ, ಈ ನಾಯಿ ಕಡಿಮಿ ಎತ್ತರದಾಗೂ ಎಷ್ಟ ಉದ್ದಕ ಜಿಗಿತೈತಿ ಅಂದ್ರ ಮಂದಿಗೆ ಅದಾ ಸಾಕು. ಇಳಿಯೂ ಜಾಗಾ ಮಣ್ಣು ಇಲ್ಲಾ ಹುಲ್ಲು ಇರ್ಲಿ, ಸಿಮೆಂಟ್ ಬ್ಯಾಡ. ರಿಂಗ್ ಹಿಡದವ್ರು ನಾಯಿ ಕಾಲು ತಾಗಿದ ಕೂಡ್ಲೆ ಕೈ ಬಿಡ್ಬೇಕು, ಬಿಗಿ ಹಿಡದ್ರ ಕಾಲು ಸಿಗ್ತೈತಿ.

ಆಟ ಜೋಡಸೂದು ಹಿಂದಿನಿಂದ

ನಾಕೈದ ಆಟ ಬಂದ ಮ್ಯಾಲ ಒಂದರ ಹಿಂದ ಒಂದ ಜೋಡಸ್ಬೇಕು. ಭಾಳ ಮಂದಿ ಮೊದಲನೇದರಿಂದ ಸುರು ಮಾಡ್ತಾರ, ಅದಕ್ಕ ನಾಯಿ ಸುರುದಾಗ ಜೋರು, ಕಡೀಕ ಡಲ್ ಆಗ್ತೈತಿ. ಉಲ್ಟಾ ಮಾಡ್ರಿ. ಕಡೀ ಆಟ ನಮಸ್ಕಾರ ಅಂತ ಇಟ್ಕೊರಿ, ಅದನ್ನ ಗಟ್ಟಿ ಮಾಡ್ರಿ. ಆಮ್ಯಾಲ ರಿಂಗ್ ಮತ್ತ ನಮಸ್ಕಾರ. ಆಮ್ಯಾಲ ಕಾಲಾಗ ತೂರೂದು, ರಿಂಗ್, ನಮಸ್ಕಾರ. ಪ್ರತಿ ಸಲ ನಾಯಿ ಗೊತ್ತಿಲ್ಲದ್ದರಿಂದ ಗೊತ್ತಿದ್ದರ ಕಡೆ ಹೋಗ್ತೈತಿ, ತಿನಸಿನ ಕಡೆ ಹೋಗ್ತೈತಿ, ಹಂಗಾಗಿ ಮುಂದ ಮುಂದ ಉಮೇದಿ ಏರ್ತೈತಿ. ಇಡೀ ಶೋ ಮೂರ ನಿಮಿಷಕ್ಕಿಂತ ಉದ್ದ ಬ್ಯಾಡ.

ಕರದ್ರ ಬರೂದು ಇದರ ಜೋಡಿ ನಡಿಲಿ. ಉದ್ದ ಹಗ್ಗದಾಗ ಬಿಟ್ಟು ಕರೀರಿ, ಬಂದ್ರ ಎಲ್ಲಾದ್ರಕಿಂತ ಚಲೋ ತಿನಸು ಕೊಡ್ರಿ, ಕರದು ಬೈಯೂದು, ಕರದು ಕಟ್ಟಿ ಹಾಕೂದು ಮಾಡಬ್ಯಾಡ್ರಿ. ಆದ್ರೂ ಆಡು, ಬೆಕ್ಕು, ಕೋಳಿ ಓಡಿದ್ದು ಕಂಡ್ರ ಮುಧೋಳದ ಕಿವಿ ಮುಚ್ಚಿದಂಗನ, ಎಷ್ಟ ಕಲತಿದ್ರೂ. ಅದಕ್ಕ ಸಂತಿ, ಜಾತ್ರಿ, ರಸ್ತೆ ಬಾಜು ಹಗ್ಗ ಬಿಚ್ಚಬ್ಯಾಡ್ರಿ. ಮತ್ತ ಹೊಲದಾಗ ಮೊಲದ ಮ್ಯಾಲ ಬಿಟ್ಟು ಓಟ ಪ್ರ್ಯಾಕ್ಟೀಸ್ ಮಾಡಸೂದು ಬ್ಯಾಡ, 1972ರ ವನ್ಯಜೀವಿ ಕಾಯ್ದೆ ಪ್ರಕಾರ ಬ್ಯಾಟಿ ಅಪರಾಧ. ಓಡೂ ಆಸೆ ತೀರಸಾಕ ಹಗ್ಗದ ತುದಿಗೆ ಅರಿವಿ ತುಂಡು ಕಟ್ಟಿ ಎಳದ್ರ ಬೆನ್ನು ಹತ್ತಿ ಓಡ್ತೈತಿ, ಸ್ಟೇಜಿನ ಹೊರಗ ಮೈದಾನ ಇದ್ರ ಇದನ್ನೂ ತೋರಸ್ಬಹುದು.

ಸಪ್ಪಳಕ್ಕ ರೂಢಿ ಮಾಡಸೂದು

ಮನಿ ಅಂಗಳದಾಗ ಎಲ್ಲಾ ಮಾಡೂ ನಾಯಿ ಸ್ಟೇಜ್ ಮ್ಯಾಲ ಏನೂ ಮಾಡೂದಿಲ್ಲ ಅಂದ್ರ ತಪ್ಪು ಅದರದಲ್ಲ. ಅದು ಅಂಗಳದಾಗ ಕಲತೈತಿ, ಸ್ಟೇಜ್ ಮ್ಯಾಲ ಅಲ್ಲ. ಅದಕ್ಕ ಜಾಗಾ ಬದಲ ಮಾಡ್ಕೊಂತ ಹೋಗ್ರಿ: ಅಂಗಳ, ಓಣಿ, ಸಾಲಿ ಮೈದಾನ, ಗುಡಿ ಕಟ್ಟಿ, ಸಂತಿ ಮುಗದ ಮ್ಯಾಲ ಸಂತಿ ಬಯಲು. ಹೊಸಾ ಜಾಗಾದಾಗ ಆಟ ಮತ್ತ ಸುರುವಿನಿಂದ ಸಣ್ಣದಾಗಿ ಮಾಡಸ್ರಿ, ಮನ್ಯಾಗ ಐದ ಆಟ ಬಂದ್ರ ಅಲ್ಲಿ ಒಂದ ಸಾಕು.

ಸಪ್ಪಳದ್ದು ಇನ್ನೂ ಸಾವಕಾಶ. ನಮ್ಮ ಕಡೆ ಕಾರ್ಯಕ್ರಮ ಅಂದ್ರ ಹಲಗಿ, ಡೊಳ್ಳು, ಡಿಜೆ, ಮೈಕ್ ಟೆಸ್ಟಿಂಗ್ ಕಿರ್ ಅನ್ನೂದು ಎಲ್ಲಾ ಇರ್ತೈತಿ. ಮೊಬೈಲ್‌ನ್ಯಾಗ ಹಲಗಿ ಸಪ್ಪಳ ಭಾಳ ಸಣ್ಣಗ ಹಚ್ರಿ, ಸಪ್ಪಳ ಬಂತು, ತಿನಸು ಬಂತು, ಸಪ್ಪಳ ನಿಂತ್ರ ತಿನಸೂ ನಿಂತು. ನಾಯಿ ಕಿವಿ ಸಡಲ ಬಿಟ್ಟು ತಿಂತಿದ್ರ ಮಾತ್ರ ಮರುದಿನ ಒಂದ ಕಡ್ಡಿ ಏರಸ್ರಿ. ಆಮ್ಯಾಲ ಖರೇ ಹಲಗಿ, ದೂರದಿಂದ, ಎರಡ ಮೂರ ಹೊಲದಾಚೆ ಬಾರಿಸ್ತಿದ್ರ ಸಾಕು, ದಿನಾ ಒಂದಿಷ್ಟು ಹತ್ರ. ತಿನಸು ಬ್ಯಾಡ ಅಂತು ಅಂದ್ರ ಹತ್ರ ಜಾಸ್ತಿ ಆತು ಅಂತ, ಹಿಂದ ಸರೀರಿ. ಪಟಾಕಿ ಹೊಡಿತಾರ ಅಂತ ಗೊತ್ತಿದ್ದ ಕಾರ್ಯಕ್ರಮ ಒಪ್ಪಬ್ಯಾಡ್ರಿ. ಎಷ್ಟ ರೊಕ್ಕ ಕೊಡ್ತೀವಿ ಅಂದ್ರೂ.

ಶೋ ದಿನ

ಏಪ್ರಿಲ್, ಮೇದಾಗ ವಿಜಯಪುರ, ಬಾಗಲಕೋಟದಾಗ ಬಿಸಲು 40 ಡಿಗ್ರಿ ಮುಟ್ತೈತಿ, ಆ ಟೈಮಿನ್ಯಾಗ ಮುಂಜಾನೆ ಎಂಟರ ಒಳಗ ಇಲ್ಲಾ ಕತ್ತಲಾದ ಮ್ಯಾಲ ಇದ್ರ ಮಾತ್ರ ಹೂಂ ಅನ್ರಿ. ನೆಲದ ಮ್ಯಾಲ ನಿಮ್ಮ ಮುಂಗೈ ಹಿಂಬದಿ ಐದ ಸೆಕೆಂಡ್ ಇಡಾಕ ಆಗ್ಲಿಲ್ಲಂದ್ರ ನಾಯಿ ಅಂಗಾಲೂ ಸುಡ್ತಾವ. ಸಂಕ್ರಾಂತಿ ಟೈಮಿನ ಸಿದ್ಧೇಶ್ವರ ಜಾತ್ರಿ, ಅಕ್ಟೋಬರ್‌ನ ಕಿತ್ತೂರ ಉತ್ಸವ, ಇಂಥಾ ಹೊತ್ತಿನ್ಯಾಗ ಹವಾ ಚಲೋ ಇರ್ತೈತಿ, ಆದ್ರ ಚಳಿಗೆ ಈ ನಾಯಿ ನಡಗ್ತೈತಿ, ಸ್ಟೇಜ್ ಹಿಂದ ಕಾಯೂವಾಗ ಮೈ ಮ್ಯಾಲ ಕಂಬಳಿ ಹೊಚ್ರಿ.

ಒಂದ ತಾಸು ಮೊದಲ ಹೋಗಿ ಸ್ಟೇಜ್ ಸುತ್ತ ತಿರುಗಾಡಸ್ರಿ, ಮೂಸಾಕ ಬಿಡ್ರಿ. ಆಂಕರ್‌ಗೆ ಮೈಕ್ ದೂರ ಇಟ್ಕೊಂಡು ಮಾತಾಡಾಕ ಹೇಳ್ರಿ, ಮತ್ತ ಏನ್ ಹೇಳ್ಬೇಕು ಅಂತ ಬರದ ಕೊಡ್ರಿ, ಇಲ್ಲಾಂದ್ರ ಸುಳ್ಳ ಪುರಾಣ ಹೇಳ್ತಾರ. ಮುಧೋಳದ ರಾಜಾ ಮಾಲೋಜಿರಾವ್ ಘೋರ್ಪಡೆ ಇದನ್ನ ಬೆಳೆಸಿ, ಇಂಗ್ಲೆಂಡಿನ ಐದನೇ ಜಾರ್ಜ್ ದೊರೆಗೆ ಒಂದ ಜೋಡಿ ಕೊಟ್ಟಿದ್ರು, 2005ರಾಗ ಅಂಚೆ ಇಲಾಖೆ ಇದರ ಸ್ಟ್ಯಾಂಪ್ ತಂತು, 2020ರ ಆಗಸ್ಟ್‌ನ ಮನ್ ಕಿ ಬಾತ್‌ನ್ಯಾಗ ಪ್ರಧಾನಿ ಇದರ ಹೆಸರು ಹೇಳಿದ್ರು. ಇಷ್ಟ ಸಾಕು, ನಾಯಿ ಆಟ ಮಾಡೂತನಕ ಮಂದಿಗೆ ಹೆಮ್ಮೆ ಆಗಿರ್ತೈತಿ.

ನಾಯಿ ಮಾರಿ ಕಡೆ ಕಣ್ಣಿರ್ಲಿ. ತುಟಿ ನೆಕ್ಕೂದು, ನಿದ್ದಿ ಇಲ್ಲದ ಆಕಳಸೂದು, ಕಣ್ಣಿನ ಬಿಳಿ ಕಾಣೂದು, ಬಾಲ ಒಳಗ ಸೇರಸೂದು, ತನ್ನ ಇಷ್ಟದ ಲಿವರ್ ಕೊಟ್ರೂ ಮಾರಿ ತಿರುಗಸೂದು, ಇವು ಒಂದಕ್ಕಿಂತ ಜಾಸ್ತಿ ಕಂಡ್ರ ಆಟ ಅಲ್ಲಿಗೇ ನಿಲ್ಲಸ್ರಿ. ಬರೂ ಒಂದ ಸಣ್ಣ ಆಟ, ಕೈಗೆ ಮೂಗು ಹಚ್ಚೂದು ಮಾಡಿಸಿ, ತಿನಸು ಕೊಟ್ಟು, ಕೈ ಮುಗದು ಇಳೀರಿ. ಆರ್ಗನೈಸರ್ ಸಿಟ್ಟಾಗಬಹುದು, ಆಗ್ಲಿ. ಮೈಕಿಗೆ ಅಂಜಿ ಹೋದ ನಾಯಿನ ಮತ್ತ ಸ್ಟೇಜ್ ಹತ್ತಸಾಕ ತಿಂಗಳುಗಟ್ಲೆ ಬೇಕು. ಶೋ ಮುಗದ ಮ್ಯಾಲ ಫೋಟೋಕ್ಕ ಅಂತ ಮಂದಿ ಮುಗಿ ಬೀಳ್ತಾರ, ಒಬ್ಬೊಬ್ಬರಾಗಿ ಬರ್ಲಿ, ತಲಿ ಮ್ಯಾಲ ಕೈ ಹಾಕೂ ಬದ್ಲಿ ಎದಿ ಬಾಜು ಸವರ್ಲಿ, ತಬ್ಬಿಕೊಳ್ಳೂದು ಬ್ಯಾಡ. ಜೋರಾಗಿ ತೇಕತಾ, ಜೊಲ್ಲು ಸುರಿಸ್ತಾ, ಕಾಲು ತಡವರಸ್ತಿದ್ರ ಅದು ಬಿಸಲಿನ ಹೊಡ್ತ, ನೆರಳಿಗೆ ತಂದು ಮೈ ಮ್ಯಾಲ ಸಾದಾ ತಂಪು ನೀರು ಹಾಕಿ, ಗಾಳಿ ಬೀಸ್ಕೊಂತ ತಡ ಮಾಡದ ಡಾಕ್ಟರ್ ಹತ್ರ ಒಯ್ರಿ.

ಕಾಗದ-ಪತ್ರ

ಮನಿ ಮುಂದ, ಸಾಲ್ಯಾಗ, ಟಿಕೆಟ್ ಇಲ್ಲದ ಕಾರ್ಯಕ್ರಮದಾಗ ನಿಮ್ಮ ನಾಯಿ ಆಟ ತೋರಸೂದು ಬ್ಯಾರೆ. ಟಿಕೆಟ್ ಹಚ್ಚಿ ಮಂದಿನ ಒಳಗ ಬಿಡೂ ಶೋ ಇದ್ರ, ಅದೇ 1960ರ ಕಾಯ್ದೆಯ 22ನೇ ಕಲಂ ಮತ್ತ 2001ರ ಪ್ರದರ್ಶನ ಪ್ರಾಣಿಗಳ ನೋಂದಣಿ ನಿಯಮದ ಪ್ರಕಾರ ನೋಂದಣಿ ಮಾಡಸ್ಬೇಕು, ತೋರಸಾಕೂ, ಅದಕ್ಕಂತ ಕಲಿಸಾಕೂ. ಅರ್ಜಿ ಹರಿಯಾಣದ ಬಲ್ಲಭಗಡದಾಗ ಇರೂ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಗೆ ಹೋಗ್ತೈತಿ. ಪಶು ವೈದ್ಯರ ಫಿಟ್ನೆಸ್ ಸರ್ಟಿಫಿಕೇಟ್, ಯಾವ ಆಟ ಮಾಡಸ್ತೀರಿ ಅನ್ನೂ ವಿವರ ತಯಾರ ಇಟ್ಕೊರಿ. ಬೆಂಕಿ ಹತ್ರ ಪ್ರಾಣಿ ತರಬಾರ್ದು ಅಂತ ಆ ನಿಯಮದಾಗನ ಐತಿ. ಆರ್ಗನೈಸರ್ ನಾವ ನೋಡ್ಕೋತೀವಿ ಬಿಡ್ರಿ ಅಂದ್ರೂ ಬಾಯಿ ಮಾತು ನಂಬಬ್ಯಾಡ್ರಿ, ನಾಯಿ ನಿಮ್ಮದು.

ಶೋ ಆದ ಮರುದಿನ ಆಟಕ್ಕ ಸೂಟಿ ಕೊಡ್ರಿ, ಹೊಲದಾಗ ಉದ್ದ ಹಗ್ಗದ ಮ್ಯಾಲ ತಿರುಗಾಡಿ ಬರ್ರಿ, ಅಂಗಾಲು, ಉಗುರು, ಬಟ್ಟುಗೋಳ ಸಂದಿನ್ಯಾಗ ಮುಳ್ಳು ಗಿಳ್ಳು ಅದಾವೇನು ನೋಡ್ರಿ, ತೆಳು ತೊಗಲು ಎಲ್ಲೆರೆ ಕೆತ್ತಿದ್ರ ಅವತ್ತ ತೊಳದು ಔಷಧ ಹಚ್ರಿ. ನಾಯಿಗೆ ಏಳೆಂಟು ವರ್ಷ ಆತು ಅಂದ್ರ ರಿಂಗ್ ಮತ್ತ ನೆಲಕ್ಕ ಇಳಸ್ರಿ, ನಡದು ದಾಟ್ಲಿ. ನಮಸ್ಕಾರ, ಸುತ್ತು, ಜಾಗಾ ಇವನ್ನ ಕೀಲು ನೋವು ಇಲ್ಲದಾಗ ಅದು ಮಾಡೂತನಕ ಮಾಡಸ್ಬಹುದು.